ಎರಡನೆಯ ಉತ್ತರ

ಜೋಗದಲ್ಲಿ ಶರಾವತಿ ಧುಮುಕುವ ಎತ್ತರ 830 ಅಡಿ, ಅಂದರೆ 253 ಮೀಟರ್. ನಾಲ್ಕು ಧಾರೆಗಳಲ್ಲಿ ರಾಜನದು ನೇರ ನಡೆ. ನಡುವೆ ಬಂಡೆಗೆ ತಾಗದೆ ಒಂದೇ ಕಂಬವಾಗಿ ಇಳಿಯುತ್ತದೆ. ಆ ತುದಿಯಿಂದ ಒಂದು ಕಲ್ಲು ಜಾರಿದರೆ ತಳ ಮುಟ್ಟಲು ಎಷ್ಟು ಹೊತ್ತು ಬೇಕು? ನೋಡಲು ಬಂದವರಲ್ಲಿ ಕೆಲವರು ಎರಡು ಸೆಕೆಂಡ್ ಎಂದಾರು, ಕೆಲವರು ಅರ್ಧ ನಿಮಿಷ ಎಂದಾರು. ಇಷ್ಟು ದೊಡ್ಡ ಎತ್ತರಗಳ ವಿಷಯದಲ್ಲಿ ಕಣ್ಣಂದಾಜನ್ನು ನಂಬುವ ಹಾಗಿಲ್ಲ.

ಬೀಳುವ ವಸ್ತು ಸಾಗುವ ದೂರ ಕಾಲದ ವರ್ಗಕ್ಕೆ ತಕ್ಕಂತೆ ಹೆಚ್ಚುತ್ತದೆ ಎಂಬುದನ್ನು ತೋರಿಸಿದವನು ಗೆಲಿಲಿಯೋ. ನೇರವಾಗಿ ಬೀಳುವ ಗುಂಡನ್ನು ಅಳೆಯಲು ಅವನ ಕಾಲದಲ್ಲಿ ತಕ್ಕ ಗಡಿಯಾರ ಇರಲಿಲ್ಲ. ಹಾಗಾಗಿ ಇಳಿಜಾರಾದ ಮರದ ತೋಡಿನಲ್ಲಿ ಗುಂಡನ್ನು ಉರುಳಬಿಟ್ಟು, ಪಾತ್ರೆಯಿಂದ ಸಣ್ಣಗೆ ಸುರಿದ ನೀರನ್ನು ತೂಗಿ ಕಾಲವನ್ನು ಅಳೆದ. 1638ರಲ್ಲಿ ಅಚ್ಚಾದ ಅವನ ಕೊನೆಯ ಪುಸ್ತಕದಲ್ಲಿ ಈ ಪ್ರಯೋಗದ ವಿವರವಿದೆ. ಇಂದಿನ ಅಳತೆಯಲ್ಲಿ ಹೇಳುವುದಾದರೆ, ಕಾಲದ ವರ್ಗವನ್ನು 4.9ರಿಂದ ಗುಣಿಸಿದರೆ ಬಿದ್ದ ದೂರ ಮೀಟರುಗಳಲ್ಲಿ ಸಿಗುತ್ತದೆ.

ಗೊತ್ತಿಲ್ಲದ ಕಾಲವನ್ನು 'ಯ' ಎನ್ನೋಣ. ಭಾಸ್ಕರಾಚಾರ್ಯನೂ ಅವ್ಯಕ್ತ ರಾಶಿಗೆ 'ಯಾ' ಎಂದೇ ಬರೆಯುತ್ತಿದ್ದ. 'ಯಾವತ್ ತಾವತ್', ಎಷ್ಟೋ ಅಷ್ಟು, ಎಂಬುದರ ಮೊದಲಕ್ಷರ ಅದು. ಈಗ ಲೆಕ್ಕ ಹೀಗೆ:

4.9 ಯ² = 253
ಯ² = 51.63

ಶಾಲೆಯಲ್ಲಿ ಇದಕ್ಕೆ ಶುದ್ಧ ವರ್ಗ ಸಮೀಕರಣ ಎನ್ನುತ್ತಾರೆ. ಯ² ಇದೆ, ಬರಿಯ ಯ ಇಲ್ಲ. ಎರಡೂ ಕಡೆ ವರ್ಗಮೂಲ ತೆಗೆದರೆ ಮುಗಿಯಿತು. 51.63ರ ವರ್ಗಮೂಲ ಎಷ್ಟು? ಮೊಬೈಲು ತಕ್ಷಣ ಹೇಳುತ್ತದೆ, ಆದರೆ ಕೈಯಲ್ಲಿ ಮಾಡುವ ವಿಧಾನ ಅದಕ್ಕಿಂತ ಸೊಗಸಾಗಿದೆ. ಏಳು ಏಳಲಿ ನಲವತ್ತೊಂಬತ್ತು, ಹಾಗಾಗಿ ಉತ್ತರ ಏಳಕ್ಕಿಂತ ತುಸು ಹೆಚ್ಚು. 51.63ನ್ನು 7ರಿಂದ ಭಾಗಿಸಿದರೆ 7.376. ನಿಜವಾದ ವರ್ಗಮೂಲ 7 ಮತ್ತು 7.376ರ ನಡುವೆ ಎಲ್ಲೋ ಇರಬೇಕು, ಏಕೆಂದರೆ ಒಂದು ಕಡಿಮೆಯಾದರೆ ಇನ್ನೊಂದು ಹೆಚ್ಚಾಗಲೇಬೇಕು. ಎರಡರ ಸರಾಸರಿ 7.188. ಮತ್ತೊಂದು ಸುತ್ತು: 51.63ನ್ನು 7.188ರಿಂದ ಭಾಗಿಸಿ ಸರಾಸರಿ ತೆಗೆದರೆ 7.185. ಇನ್ನು ಮುಂದೆ ಹೋದರೆ ಕದಲುವುದು ನಾಲ್ಕನೆಯ ದಶಮಾಂಶ ಸ್ಥಾನ ಮಾತ್ರ. ಏಳು ಸೆಕೆಂಡಿಗಿಂತ ಒಂದಿಷ್ಟು ಜಾಸ್ತಿ, ಅಷ್ಟೇ. ಗಾಳಿಯ ತಡೆಯನ್ನು ನಾವು ಲೆಕ್ಕಕ್ಕೆ ಹಿಡಿದಿಲ್ಲ, ಹಿಡಿದರೆ ಇನ್ನಷ್ಟು ಹೊತ್ತು ಹಿಡಿಯುತ್ತದೆ. ಕಲ್ಲಿನ ಬದಲು ನೀರಿನ ಹನಿಯಾದರೆ ಈ ಲೆಕ್ಕ ನಡೆಯುವುದೇ ಇಲ್ಲ. ಹನಿ ಬೇಗನೆ ಒಂದು ಸ್ಥಿರ ವೇಗಕ್ಕೆ ಬಂದು ಅದೇ ವೇಗದಲ್ಲಿ ಇಳಿಯುತ್ತದೆ.

ಇಲ್ಲಿಗೆ ನಿಲ್ಲಿಸಿದರೆ ಅರ್ಧ ಉತ್ತರ ಕೊಟ್ಟಂತೆ. −7.185ನ್ನು ವರ್ಗ ಮಾಡಿದರೂ 51.63 ಬರುತ್ತದೆ. ಶೂನ್ಯಕ್ಕಿಂತ ಏಳು ಸೆಕೆಂಡ್ ಕಡಿಮೆ ಎಂದರೇನು? 'ಕಾಲ ಋಣವಾಗಿರಲು ಸಾಧ್ಯವಿಲ್ಲ' ಎಂದು ಬರೆದು ಅಡಿಗೆರೆ ಎಳೆದರೆ ಪರೀಕ್ಷೆಯಲ್ಲಿ ಪೂರ್ತಿ ಅಂಕ ಸಿಗುತ್ತದೆ. ಆದರೆ ಶೂನ್ಯ ಎಂದು ನಾವು ಗುರುತು ಹಾಕಿದ್ದು ಕಲ್ಲು ಜಾರಿದ ಗಳಿಗೆಗೆ. ಅದಕ್ಕೂ ಏಳು ಸೆಕೆಂಡ್ ಹಿಂದೆ ಜೋಗದಲ್ಲಿ ಕಾಲ ಇರಲಿಲ್ಲವೇ? ಆ ಗಳಿಗೆಯಲ್ಲಿ ಯಾರಾದರೂ ಕೆಳಗಿನ ಮಡುವಿನಿಂದ ಸೆಕೆಂಡಿಗೆ ಸುಮಾರು 70 ಮೀಟರ್ ವೇಗದಲ್ಲಿ ಕಲ್ಲನ್ನು ನೇರ ಮೇಲಕ್ಕೆ ಎಸೆದಿದ್ದರೆ, ಅದು ಏರುತ್ತ ಏರುತ್ತ ವೇಗ ಕಳೆದುಕೊಂಡು, ಸರಿಯಾಗಿ ಶೂನ್ಯ ಗಳಿಗೆಗೆ ರಾಜನ ತುದಿ ಮುಟ್ಟಿ, ಒಂದು ಕ್ಷಣ ನಿಂತು, ವಾಪಸು ಬೀಳಲು ತೊಡಗುತ್ತಿತ್ತು. ಸಮೀಕರಣದ ಮಟ್ಟಿಗೆ ಆ ಕಲ್ಲಿಗೂ ನಮ್ಮ ಕಲ್ಲಿಗೂ ವ್ಯತ್ಯಾಸವಿಲ್ಲ. ಕಲ್ಲು ತುದಿಗೆ ಹೇಗೆ ಬಂತೆಂದು ನಾವು ಅದಕ್ಕೆ ಹೇಳಿರಲಿಲ್ಲ, ಅದು ಎರಡೂ ಕಥೆಗಳನ್ನು ಕೊಟ್ಟಿತು.

ವರ್ಗ ಸಮೀಕರಣದ ಸ್ವಾರಸ್ಯವೆಲ್ಲ ಈ ಎರಡನೆಯ ಉತ್ತರದಲ್ಲಿದೆ ಎಂದು ನನ್ನ ಎಣಿಕೆ. ಅದನ್ನು ಇಟ್ಟುಕೊಳ್ಳಬೇಕೋ ಬಿಡಬೇಕೋ ಎಂದು ಗಣಿತ ಹೇಳುವುದಿಲ್ಲ. ಲೆಕ್ಕ ಯಾವುದರ ಬಗ್ಗೆಯೋ ಅದನ್ನೇ ಕೇಳಬೇಕು.

ಎರಡು ಉತ್ತರ ಏಕೆ ಬರುತ್ತವೆ? ವರ್ಗ ಮಾಡುವಾಗ ಚಿಹ್ನೆ ಅಳಿಸಿಹೋಗುತ್ತದೆ. ಕೈಗೆ 49 ಸಿಕ್ಕಾಗ ಅದು 7ರಿಂದ ಬಂತೋ −7ರಿಂದ ಬಂತೋ ಎಂಬ ಗುರುತು ಅದರಲ್ಲಿ ಉಳಿದಿರುವುದಿಲ್ಲ. ಮೂರನೆಯ ಉತ್ತರ ಏಕೆ ಇಲ್ಲ ಎಂಬುದೂ ಕೇಳಬೇಕಾದ ಪ್ರಶ್ನೆಯೇ. ಯ² = 49 ಎಂಬುದನ್ನು (ಯ − 7)(ಯ + 7) = 0 ಎಂದು ಬರೆಯಬಹುದು. ಎರಡು ಸಂಖ್ಯೆಗಳ ಗುಣಲಬ್ಧ ಸೊನ್ನೆಯಾಗಬೇಕಾದರೆ ಅವೆರಡರಲ್ಲಿ ಒಂದಾದರೂ ಸೊನ್ನೆಯಾಗಲೇಬೇಕು. ಮೊದಲನೆಯದು ಸೊನ್ನೆಯಾದರೆ 7, ಎರಡನೆಯದಾದರೆ −7. ಬೇರೆ ದಾರಿಯಿಲ್ಲ.

ಇಲ್ಲಿ ಎಷ್ಟೋ ಮಕ್ಕಳು ಎಡವುವ ಒಂದು ಕಲ್ಲಿದೆ. √49 ಎಂದು ಬರೆದರೆ ಅದು 7 ಮಾತ್ರ, ±7 ಅಲ್ಲ. ಆ ಚಿಹ್ನೆ ಧನ ವರ್ಗಮೂಲವನ್ನು ಮಾತ್ರ ಸೂಚಿಸಲಿ ಎಂಬುದು ಗಣಿತಜ್ಞರು ತಮ್ಮತಮ್ಮಲ್ಲಿ ಮಾಡಿಕೊಂಡ ಕಟ್ಟಳೆ. ಯ² = 49ಕ್ಕೆ ಮಾತ್ರ ಎರಡು ಉತ್ತರ. ± ಬರುವುದು ಸಮೀಕರಣದಿಂದ, ಅದನ್ನು ಸೇರಿಸುವವರು ನಾವು. ಕ್ಯಾಲ್ಕುಲೇಟರಿನಲ್ಲಿ √ ಒತ್ತಿದರೆ ಒಂದೇ ಸಂಖ್ಯೆ ಬರುವುದು ಈ ಕಾರಣಕ್ಕೆ. ಉತ್ತರ ಕಳೆದುಹೋಗುವ ಇನ್ನೊಂದು ದಾರಿಯೂ ಇದೆ: ಯ² = 5ಯ ಎಂದಿದ್ದಾಗ ಎರಡೂ ಕಡೆ ಯದಿಂದ ಭಾಗಿಸಿ ಯ = 5 ಎಂದುಬಿಡುವುದು. ಸೊನ್ನೆಯೂ ಅಲ್ಲಿ ಉತ್ತರವೇ. ಭಾಗಿಸಿದ ಕೂಡಲೇ ಅದು ಕೈತಪ್ಪುತ್ತದೆ.

ಈ ಎರಡು ಮೂಲಗಳ ಮಾತನ್ನು ಕನ್ನಡ ನೆಲದಲ್ಲಿ ಸ್ಪಷ್ಟವಾಗಿ ಹೇಳಿದವನು ಮಹಾವೀರಾಚಾರ್ಯ. ಒಂಬತ್ತನೆಯ ಶತಮಾನದವನು, ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದವನು. ಕವಿರಾಜಮಾರ್ಗ ಹುಟ್ಟಿದ್ದು ಯಾವ ದೊರೆಯ ಆಸ್ಥಾನದಲ್ಲೋ ಅದೇ ದೊರೆಯ ಹೊಗಳಿಕೆ ಮಹಾವೀರನ 'ಗಣಿತಸಾರಸಂಗ್ರಹ'ದ ಆರಂಭದಲ್ಲಿದೆ. ಧನದ ವರ್ಗವೂ ಋಣದ ವರ್ಗವೂ ಧನವೇ, ಅವುಗಳ ವರ್ಗಮೂಲಗಳು ಕ್ರಮವಾಗಿ ಧನ ಮತ್ತು ಋಣ ಎಂದು ಅವನು ಸೂತ್ರ ಕಟ್ಟಿದ್ದಾನೆ. ಜೊತೆಗೆ ಇನ್ನೊಂದು ಮಾತು: ಋಣ ಸಂಖ್ಯೆ ಸ್ವಭಾವತಃ ವರ್ಗವಲ್ಲ, ಹಾಗಾಗಿ ಅದಕ್ಕೆ ವರ್ಗಮೂಲವಿಲ್ಲ. ಈ ಕೊನೆಯ ಮಾತಿಗೆ ಮುಂದೆ ಬರೋಣ. ಸರಿಸುಮಾರು ಅದೇ ಶತಮಾನದಲ್ಲಿ ಬಾಗ್ದಾದಿನಲ್ಲಿ ಅಲ್-ಖ್ವಾರಿಜ್ಮಿ ವರ್ಗ ಸಮೀಕರಣಗಳನ್ನು ಬಗೆಬಗೆಯಾಗಿ ವಿಂಗಡಿಸಿ ಬಿಡಿಸಿದ. ಅವನ ಪುಸ್ತಕದಲ್ಲಿ ಋಣ ಮೂಲಗಳಿಗೆ ಜಾಗವಿಲ್ಲ.

ಶುದ್ಧ ಸಮೀಕರಣ ಇಷ್ಟು ಸಲೀಸು. ಆದರೆ ಯ² ಜೊತೆಗೆ ಯ ಕೂಡ ಬಂದು ಕುಳಿತರೆ? ಆಗಲೂ ಮಾಡುವ ಕೆಲಸ ವರ್ಗಮೂಲ ತೆಗೆಯುವುದೇ, ಅದಕ್ಕೆ ಮೊದಲು ಸ್ವಲ್ಪ ತಯಾರಿ ಬೇಕು. ಸುಮಾರು ನಾಲ್ಕು ಸಾವಿರ ವರ್ಷ ಹಿಂದಿನ ಬ್ಯಾಬಿಲೋನಿನ ಒಂದು ಮಣ್ಣಿನ ಹಲಗೆ ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿದೆ. ಅದರ ಮೊದಲ ಲೆಕ್ಕ ಇದು: ಒಂದು ಚೌಕದ ವಿಸ್ತೀರ್ಣಕ್ಕೆ ಅದರ ಬಾಹುವನ್ನು ಕೂಡಿಸಿದರೆ ಮುಕ್ಕಾಲು. ಬಾಹು ಎಷ್ಟು?

ಯ² + ಯ = ¾

ವಿಸ್ತೀರ್ಣಕ್ಕೆ ಉದ್ದವನ್ನು ಕೂಡಿಸುವುದು ಹೇಗೆ ಎಂದು ತಕರಾರು ತೆಗೆಯುವುದು ಬೇಡ. ಬಾಹುವಿನಷ್ಟು ಉದ್ದದ, ಒಂದು ಅಳತೆ ಅಗಲದ ಪಟ್ಟಿಯೊಂದನ್ನು ಚೌಕಕ್ಕೆ ಅಂಟಿಸಿದ್ದೇವೆ ಎಂದುಕೊಳ್ಳಿ. ಈಗ ಆ ಪಟ್ಟಿಯನ್ನು ಉದ್ದಕ್ಕೆ ಸೀಳಿ ಎರಡು ಮಾಡಿ. ಅರ್ಧ ಅಗಲದ ಒಂದು ತುಂಡು ಚೌಕದ ಬಲಕ್ಕೇ ಇರಲಿ, ಇನ್ನೊಂದನ್ನು ತಿರುಗಿಸಿ ಕೆಳಕ್ಕೆ ಹಚ್ಚಿ. ದೊಡ್ಡದೊಂದು ಚೌಕವೇ ಆಯಿತು, ಕೆಳಗಿನ ಮೂಲೆಯೊಂದು ಮಾತ್ರ ಖಾಲಿ. ಆ ಮೂಲೆ ಅರ್ಧ ಉದ್ದ, ಅರ್ಧ ಅಗಲ, ಅಂದರೆ ಕಾಲು. ಮುಕ್ಕಾಲಿಗೆ ಕಾಲು ಸೇರಿಸಿದರೆ ಒಂದು. ದೊಡ್ಡ ಚೌಕದ ವಿಸ್ತೀರ್ಣ ಒಂದಾದರೆ ಅದರ ಬಾಹುವೂ ಒಂದು; ಅಂಟಿಸಿದ ಅರ್ಧವನ್ನು ಕಳೆದರೆ ಉಳಿಯುವುದು ಅರ್ಧ. ಹಲಗೆಯ ಮೇಲೆ ಲಿಪಿಕಾರ ಬರೆದ ಹೆಜ್ಜೆಗಳೂ ಇವೇ: ಒಂದನ್ನು ಅರ್ಧ ಮಾಡು, ಅದನ್ನು ಅದರಿಂದಲೇ ಗುಣಿಸು, ಮುಕ್ಕಾಲಿಗೆ ಕೂಡಿಸು, ವರ್ಗಮೂಲ ತೆಗೆ, ಅರ್ಧ ಕಳೆ. ಶಾಲೆಯ ಗಣಿತದಲ್ಲಿ 'ವರ್ಗವನ್ನು ಪೂರ್ಣಗೊಳಿಸುವ ವಿಧಾನ' ಎಂಬ ಹೆಸರಿನಲ್ಲಿ ಇರುವುದು ಈ ಖಾಲಿ ಮೂಲೆಯ ಕೆಲಸವೇ. ಪುಸ್ತಕದಲ್ಲಿ ಆ ಚಿತ್ರವನ್ನು ಮೊದಲು ಹಾಕಿ ಸೂತ್ರವನ್ನು ಆಮೇಲೆ ಕೊಟ್ಟರೆ ಬಹಳ ಮಕ್ಕಳ ಭಯ ಅರ್ಧಕ್ಕೆ ಇಳಿದೀತು.

ಬಾವಿಯ ಆಳವನ್ನು ಕಲ್ಲು ಹಾಕಿ ಅಳೆಯುವಾಗ ಈ ಮೂಲೆ ತುಂಬುವ ವಿಧಾನ ಬೇಕಾಗುತ್ತದೆ. ಕಲ್ಲು ಬಿಟ್ಟು ಎರಡು ಸೆಕೆಂಡಿಗೆ 'ಗುಳುಂ' ಸದ್ದು ಕೇಳಿತು ಎನ್ನಿ. 4.9ನ್ನು ಎರಡರ ವರ್ಗದಿಂದ ಗುಣಿಸಿ 19.6 ಮೀಟರ್ ಎಂದರೆ ತುಸು ಹೆಚ್ಚಾಯಿತು, ಏಕೆಂದರೆ ಸದ್ದು ಮೇಲೆ ಬರಲೂ ಒಂದಿಷ್ಟು ಹೊತ್ತು ಹಿಡಿದಿದೆ. ಕಲ್ಲು ಬಿದ್ದ ಕಾಲ ಯ ಆದರೆ ಸದ್ದಿಗೆ ಉಳಿದದ್ದು 2 − ಯ. ಸದ್ದಿನ ವೇಗ ಸೆಕೆಂಡಿಗೆ 340 ಮೀಟರ್ ಎಂದು ಹಿಡಿದರೆ,

4.9 ಯ² = 340 (2 − ಯ)

4.9ರಿಂದ ಭಾಗಿಸಿದರೆ ಯ² + 69.4 ಯ = 138.8. ಮೂಲೆ ತುಂಬೋಣ: 69.4ರ ಅರ್ಧ 34.7, ಅದರ ವರ್ಗ 1204.1. ಕೂಡಿಸಿದರೆ 1342.9, ವರ್ಗಮೂಲ 36.65. 34.7ನ್ನು ಕಳೆದರೆ 1.95 ಸೆಕೆಂಡ್. ಆಳ ಹದಿನೆಂಟೂವರೆ ಮೀಟರ್. ಒಂದು ಮೀಟರಿನಷ್ಟು ವ್ಯತ್ಯಾಸ, ಹಗ್ಗ ಕೊಳ್ಳುವವರಿಗೆ ಪರವಾಗಿಲ್ಲ. ಎರಡನೆಯ ಉತ್ತರ ಇಲ್ಲಿ −71 ಸೆಕೆಂಡಿನ ಆಸುಪಾಸು. ಜೋಗದ ಕಲ್ಲಿನಂತೆ ಇದಕ್ಕೊಂದು ಕಥೆ ಕಟ್ಟಲು ಹೊರಟರೆ ಬಾವಿ 25 ಕಿಲೋಮೀಟರ್ ಆಳವಾಗಬೇಕಾಗುತ್ತದೆ. ಇದನ್ನು ಕೈಬಿಡಲು ಯಾರ ಅಪ್ಪಣೆಯೂ ಬೇಡ.

ಎರಡೂ ಉತ್ತರ ಸರಿಯಾಗಿರುವ, ಎರಡನ್ನೂ ಕಣ್ಣೆದುರು ಎಣಿಸಬಹುದಾದ ಲೆಕ್ಕ ಬೇಕಾದರೆ ಭಾಸ್ಕರಾಚಾರ್ಯನ ಕೋತಿಗಳ ಬಳಿ ಹೋಗಬೇಕು. 1114ರಲ್ಲಿ ಹುಟ್ಟಿದ ಈತ ತನ್ನ ಊರು ಸಹ್ಯಾದ್ರಿಯ ವಿಜ್ಜಡವಿಡ ಎಂದಿದ್ದಾನೆ. ಅದು ನಮ್ಮ ವಿಜಯಪುರವೇ ಎಂದು ಇಲ್ಲಿಯವರು, ಚಾಳೀಸ್‌ಗಾಂವ್ ಸೀಮೆಯದೆಂದು ಮರಾಠಿಯವರು ವಾದ ಹೂಡುತ್ತ ಬಂದಿದ್ದಾರೆ. ಕೋತಿಗಳಿಗೆ ಆ ಜಗಳ ಬೇಕಿಲ್ಲ. ಅವನ 'ಬೀಜಗಣಿತ'ದಲ್ಲಿ ಬರುವ ಲೆಕ್ಕ ಇದು. ಕೋತಿಗಳ ಹಿಂಡಿನ ಎಂಟನೆಯ ಒಂದು ಭಾಗದ ವರ್ಗದಷ್ಟು ಕೋತಿಗಳು ಕಾಡಿನಲ್ಲಿ ಕುಣಿಯುತ್ತಿವೆ. ಉಳಿದ ಹನ್ನೆರಡು ಗುಡ್ಡದ ಮೇಲೆ ಕಿಚಿಗುಟ್ಟುತ್ತಿವೆ. ಒಟ್ಟು ಎಷ್ಟು?

(ಯ/8)² + 12 = ಯ

64ರಿಂದ ಗುಣಿಸಿ ಜೋಡಿಸಿದರೆ ಯ² − 64ಯ = −768. 64ರ ಅರ್ಧ 32, ಅದರ ವರ್ಗ 1024. ಎರಡೂ ಕಡೆ ಸೇರಿಸಿ:

(ಯ − 32)² = 256

256 ಎಂದರೆ 16ರ ವರ್ಗ. ಹಾಗಾಗಿ ಯ − 32 ಎಂಬುದು 16 ಅಥವಾ −16. ಹಿಂಡಿನಲ್ಲಿ 48 ಕೋತಿಗಳು, ಇಲ್ಲವೇ 16. ತಾಳೆ ನೋಡಿ: 48ರ ಎಂಟನೆಯ ಒಂದು ಭಾಗ 6, ವರ್ಗ 36, ಹನ್ನೆರಡು ಸೇರಿದರೆ 48. 16ರ ಎಂಟನೆಯ ಒಂದು ಭಾಗ 2, ವರ್ಗ 4, ಹನ್ನೆರಡು ಸೇರಿದರೆ 16. ಎರಡೂ ಹಿಂಡುಗಳಿಗೆ ಲೆಕ್ಕ ಒಪ್ಪುತ್ತದೆ, ಎರಡನ್ನೂ ಭಾಸ್ಕರ ಒಪ್ಪಿಕೊಳ್ಳುತ್ತಾನೆ. ಗಮನಿಸಬೇಕಾದ್ದು, ಇಲ್ಲಿ 'ಋಣ' ವರ್ಗಮೂಲವಾದ −16ನ್ನು ಹಿಡಿದಾಗಲೂ ಸಿಕ್ಕಿದ್ದು ಧನ ಉತ್ತರವೇ. ಋಣ ಮೂಲ ಕಂಡಲ್ಲೆಲ್ಲ ಹೊಡೆದುಹಾಕುವವನು ಹದಿನಾರು ಕೋತಿಗಳನ್ನು ಕಳೆದುಕೊಳ್ಳುತ್ತಿದ್ದ.

ಅದೇ ಜಾತಿಯ ಇನ್ನೊಂದು ಲೆಕ್ಕವನ್ನೂ ಅವನು ಕೊಡುತ್ತಾನೆ, ಬೇಕೆಂದೇ ಕೊಟ್ಟಂತಿದೆ. ಹಿಂಡಿನ ಐದನೆಯ ಒಂದು ಭಾಗದಲ್ಲಿ ಮೂರು ಕಳೆದು, ಅದರ ವರ್ಗದಷ್ಟು ಕೋತಿಗಳು ಗುಹೆ ಸೇರಿವೆ. ಒಂದೇ ಒಂದು ಕೊಂಬೆಯ ಮೇಲೆ ಕಾಣುತ್ತಿದೆ. ಇದನ್ನು ಬಿಡಿಸಿ ಜೋಡಿಸಿದರೆ

ಯ² − 55ಯ + 250 = 0

55ರ ಅರ್ಧ ಇಪ್ಪತ್ತೇಳೂವರೆ. ಭಿನ್ನರಾಶಿಯ ಗೋಜು ಶುರುವಾಯಿತು. ಅದನ್ನು ತಪ್ಪಿಸುವ ಒಂದು ಉಪಾಯ ಶ್ರೀಧರಾಚಾರ್ಯನದು. ಅವನ ಬೀಜಗಣಿತದ ಗ್ರಂಥ ಉಳಿದಿಲ್ಲ, ಆದರೆ ಆ ಸೂತ್ರವನ್ನು ಭಾಸ್ಕರ ಅವನ ಹೆಸರು ಹೇಳಿ ಎತ್ತಿ ಬರೆದಿದ್ದರಿಂದ ನಮಗೆ ಸಿಕ್ಕಿದೆ. ವರ್ಗದ ಗುಣಾಂಕದ ನಾಲ್ಕರಷ್ಟರಿಂದ ಎರಡೂ ಕಡೆ ಗುಣಿಸು, ಅವ್ಯಕ್ತದ ಗುಣಾಂಕದ ವರ್ಗವನ್ನು ಎರಡೂ ಕಡೆ ಕೂಡಿಸು, ಆಮೇಲೆ ಮೂಲ ತೆಗೆ. ಇಲ್ಲಿ ವರ್ಗದ ಗುಣಾಂಕ ಒಂದು, ಆದ್ದರಿಂದ ಬರಿಯ ನಾಲ್ಕರಿಂದ ಗುಣಿಸಿದರೆ ಸಾಕು:

4ಯ² − 220ಯ = −1000
4ಯ² − 220ಯ + 3025 = 2025
(2ಯ − 55)² = 45²

ಭಿನ್ನರಾಶಿ ಎಲ್ಲೂ ತಲೆಹಾಕಲಿಲ್ಲ. 2ಯ ಎಂದರೆ 100 ಅಥವಾ 10. ಕೋತಿಗಳು 50 ಅಥವಾ 5. ಈಗ ಪರೀಕ್ಷಿಸಿ. ಐವತ್ತರ ಐದನೆಯ ಒಂದು ಭಾಗ ಹತ್ತು, ಮೂರು ಕಳೆದರೆ ಏಳು, ವರ್ಗ 49, ಒಂದು ಸೇರಿದರೆ 50. ಸರಿ. ಐದರ ಐದನೆಯ ಒಂದು ಭಾಗ ಒಂದು, ಮೂರು ಕಳೆದರೆ −2, ವರ್ಗ 4, ಒಂದು ಸೇರಿದರೆ 5. ಅಂಕಿಗಳ ಮಟ್ಟಿಗೆ ಇದೂ ಸರಿಯೇ. ಆದರೆ ಭಾಸ್ಕರ ಇದನ್ನು ಬಿಟ್ಟುಬಿಡುತ್ತಾನೆ. ಒಂದು ಕೋತಿಯಲ್ಲಿ ಮೂರು ಕೋತಿಗಳನ್ನು ಕಳೆಯುವುದು ಹೇಗೆ? ವ್ಯಕ್ತ, ಅಂದರೆ ಗೊತ್ತಾದ, ಸಂಖ್ಯೆ ಋಣವಾಗುವುದನ್ನು ಲೋಕ ಒಪ್ಪುವುದಿಲ್ಲ ಎನ್ನುವುದು ಅವನು ಕೊಡುವ ಕಾರಣ. ಋಣ ಸಂಖ್ಯೆಗಳ ಬಗ್ಗೆ ಅವನಿಗೆ ಹೆದರಿಕೆಯೇನೂ ಇರಲಿಲ್ಲ. ಅಂಕಿಯ ನೆತ್ತಿಯ ಮೇಲೊಂದು ಚುಕ್ಕೆ ಇಟ್ಟು ಧಾರಾಳವಾಗಿ ಬಳಸುತ್ತಿದ್ದ. ಉತ್ತರವಾಗಿ ಬಂದ ಐದು ಧನ ಸಂಖ್ಯೆಯೇ, ಅದರಲ್ಲಿ ದೋಷವಿಲ್ಲ. ದೋಷವಿದ್ದದ್ದು ದಾರಿಯ ನಡುವೆ ಬರುವ −2 ಕೋತಿಗಳಲ್ಲಿ. ಕೊನೆಯ ಉತ್ತರದ ಚಿಹ್ನೆ ನೋಡಿ ತೀರ್ಪು ಕೊಡುವ ನಮ್ಮ ಪರೀಕ್ಷಾ ಪದ್ಧತಿಗಿಂತ ಇದು ಎಷ್ಟೋ ಸೂಕ್ಷ್ಮ. ಮೊದಲ ಹಿಂಡಿನಲ್ಲಿ ಸಣ್ಣ ಉತ್ತರವನ್ನು ಇಟ್ಟುಕೊಂಡು, ಎರಡನೆಯದರಲ್ಲಿ ಬಿಟ್ಟವನು ಒಬ್ಬನೇ ಗಣಿತಜ್ಞ.

ಇನ್ನು ಋಣ ಸಂಖ್ಯೆಗೆ ವರ್ಗಮೂಲವಿಲ್ಲ ಎಂಬ ಮಹಾವೀರನ ಕೊನೆಯ ಮಾತು. ಬಲಗಡೆ ಋಣ ಸಂಖ್ಯೆ ಬಂದು ಕುಳಿತರೆ ಏನು ಮಾಡಬೇಕು?

ಉತ್ತರಕ್ಕೆ ಒಂದು ಬಳಸುದಾರಿ ಹಿಡಿಯೋಣ. ಮೊತ್ತ ಮತ್ತು ಗುಣಲಬ್ಧ ಗೊತ್ತಿರುವ ಎರಡು ಸಂಖ್ಯೆಗಳನ್ನು ಹುಡುಕುವ ಹಳೆಯ ವಿಧಾನವೊಂದಿದೆ, ಇದೂ ಬ್ಯಾಬಿಲೋನಿನವರಿಗೆ ಗೊತ್ತಿದ್ದದ್ದೇ. ಮೊತ್ತ 10, ಗುಣಲಬ್ಧ 21 ಎನ್ನಿ. ಎರಡರ ಸರಾಸರಿ 5. ಒಂದು ಸಂಖ್ಯೆ ಐದಕ್ಕಿಂತ ಎಷ್ಟು ಹೆಚ್ಚೋ ಇನ್ನೊಂದು ಅಷ್ಟೇ ಕಡಿಮೆ. ಹಾಗಾಗಿ ಅವು 5 + ಯ ಮತ್ತು 5 − ಯ. ಗುಣಿಸಿದರೆ 25 − ಯ² = 21, ಅಂದರೆ ಯ² = 4. ಯ² ಜೊತೆ ಯ ಕೂಡ ಇರುವ ಮಿಶ್ರ ಸಮೀಕರಣವಾಗಬೇಕಿದ್ದದ್ದು ಎರಡೇ ಸಾಲಿನಲ್ಲಿ ಶುದ್ಧವಾಯಿತು. ಸಂಖ್ಯೆಗಳು 7 ಮತ್ತು 3. ಅಮೆರಿಕದ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದ ಪೋ-ಶೆನ್ ಲೋ 2019ರಲ್ಲಿ ಈ ದಾರಿಯನ್ನು ಶಾಲಾ ಮಕ್ಕಳಿಗಾಗಿ ಮತ್ತೆ ಮುಂದಿಟ್ಟಾಗ ಜಗತ್ತಿನ ಹಲವು ಪತ್ರಿಕೆಗಳು ಸುದ್ದಿ ಮಾಡಿದವು. ± ಇಲ್ಲಿ ಕೇಳದೆಯೇ ಬಂದಿದೆ ನೋಡಿ. ಯ 2 ಎಂದರೂ −2 ಎಂದರೂ ಅದೇ ಎರಡು ಸಂಖ್ಯೆಗಳು, ಹೆಸರು ಅದಲುಬದಲಾಗುತ್ತವೆ ಅಷ್ಟೇ.

ಇಟಲಿಯ ಕಾರ್ಡಾನೋ 1545ರ 'ಆರ್ಸ್ ಮ್ಯಾಗ್ನಾ'ದಲ್ಲಿ ಇದೇ ಹತ್ತನ್ನು ಎರಡು ಪಾಲು ಮಾಡಲು ಹೊರಟ, ಗುಣಲಬ್ಧ ಮಾತ್ರ 40 ಇರಲಿ ಎಂದ. 25 − ಯ² = 40, ಹಾಗಾಗಿ ಯ² = −15. ಮಹಾವೀರನಾದರೆ ಇಲ್ಲಿಗೆ ಲೇಖನಿ ಕೆಳಗಿಡುತ್ತಿದ್ದ. ಅವನು ಹೇಳಿದ್ದರಲ್ಲಿ ತಪ್ಪೂ ಇಲ್ಲ: ಧನ, ಋಣ, ಸೊನ್ನೆ ಮೂರನ್ನೂ ಜಾಲಾಡಿದರೂ ವರ್ಗ −15 ಆಗುವ ಸಂಖ್ಯೆ ಸಿಗುವುದಿಲ್ಲ. ಕಾರ್ಡಾನೋ ಆದರೂ 5 + √−15 ಮತ್ತು 5 − √−15 ಎಂದು ಬರೆದು, ಮನಸ್ಸಿಗಾಗುವ ಹಿಂಸೆಯನ್ನು ಬದಿಗಿಟ್ಟು ಗುಣಿಸಿ ನೋಡಿದ. 25ರಲ್ಲಿ −15 ಕಳೆದರೆ 40. ತಾಳೆ ಬಿತ್ತು. ಸೂಕ್ಷ್ಮವಾದಷ್ಟೇ ನಿರುಪಯೋಗಿ ಎಂದು ಷರಾ ಬರೆದು ಮುಂದೆ ಹೋದ.

ಅದು ನಿರುಪಯೋಗಿಯಲ್ಲ ಎಂದು ತೋರಿಸಿದವನು ಬೊಂಬೆಲ್ಲಿ, 1572ರಲ್ಲಿ. ಅವನ ಮುಂದಿದ್ದದ್ದು ಒಂದು ಘನ ಸಮೀಕರಣ: ಯ³ = 15ಯ + 4. ಇದಕ್ಕೆ 4 ಉತ್ತರ ಎಂಬುದನ್ನು ಬಾಯಿಲೆಕ್ಕದಲ್ಲೇ ನೋಡಬಹುದು, 64ಕ್ಕೆ 64. ಆದರೆ ಕಾರ್ಡಾನೋನ ಪುಸ್ತಕದಲ್ಲಿದ್ದ ಸೂತ್ರ ಹಿಡಿದು ಹೋದರೆ ನಡುದಾರಿಯಲ್ಲಿ √−121 ಎದುರಾಗುತ್ತಿತ್ತು. ಬೊಂಬೆಲ್ಲಿ ಅದನ್ನು ಬಿಡದೆ ಹಿಡಿದುಕೊಂಡು ಹೋದ. 2 + √−1ರ ಘನ ಸರಿಯಾಗಿ 2 + √−121, 2 − √−1ರ ಘನ 2 − √−121 ಎಂದು ಕಂಡುಕೊಂಡ. ಸೂತ್ರದಂತೆ ಆ ಎರಡು ಘನಮೂಲಗಳನ್ನು ಕೂಡಿಸಿದಾಗ ಒಂದರ ಧನ √−1 ಇನ್ನೊಂದರ ಋಣ √−1ನ್ನು ಹೊಡೆದುಹಾಕಿತು. ಉಳಿದದ್ದು ಎರಡು ಮತ್ತು ಎರಡು, ನಾಲ್ಕು.